ಚರ್ಚಿಗಾದರೆ 50 ಕಾರು, ಮಸೀದಿಗೆ 107

ಅಮೆರಿಕದ ನ್ಯೂಜೆರ್ಸಿ ರಾಜ್ಯದ ಬರ್ನಾರ್ಡ್ಸ್ ಟೌನ್‌ಶಿಪ್‌ನಲ್ಲಿ ಒಂದು ಅರ್ಜಿಯ ಮೇಲೆ 39 ಸಾರ್ವಜನಿಕ ವಿಚಾರಣೆಗಳು ನಡೆದವು. 2012ರ ಆಗಸ್ಟ್‌ನಲ್ಲಿ ಶುರುವಾಗಿ 2015ರ ಡಿಸೆಂಬರ್ ತನಕ ಎಳೆದವು. ಎಂಜಿನಿಯರ್‌ಗಳು ಪ್ರಮಾಣ ಮಾಡಿ ಸಾಕ್ಷಿ ನುಡಿದರು, ಪಾಟಿಸವಾಲು ನಡೆಯಿತು, ಊರಿನವರು ಸರದಿಯಲ್ಲಿ ನಿಂತು ಮಾತಾಡಿದರು. ಇಷ್ಟೆಲ್ಲ ಕೇಳಿದ ಮೇಲೆ ಯಾರಿಗೂ ಅನ್ಯಾಯ ಆಗಿರಲಾರದು ಎಂದು ಯಾರಿಗಾದರೂ ಅನಿಸುತ್ತದೆ. ಅಲ್ಲಿನ ಫೆಡರಲ್ ನ್ಯಾಯಾಧೀಶರಿಗೆ ಹಾಗೆ ಅನಿಸಲಿಲ್ಲ. ಆ ಊರು ಕೊನೆಗೆ ಒಪ್ಪಿಕೊಂಡ ಪರಿಹಾರದ ಮೊತ್ತ 32.5 ಲಕ್ಷ ಡಾಲರ್.

ಬರ್ನಾರ್ಡ್ಸ್ ಇರುವುದು ಸಾಮರ್‌ಸೆಟ್ ಕೌಂಟಿಯಲ್ಲಿ. ನ್ಯೂಜೆರ್ಸಿಯ ಕನ್ನಡಿಗರಿಗೆ ಆ ಸೀಮೆ ಹೊಸದಲ್ಲ. ಅವರು ಹೋಗಿಬರುವ ಬ್ರಿಜ್‌ವಾಟರ್‌ನ ವೆಂಕಟೇಶ್ವರ ದೇವಸ್ಥಾನ ಅದೇ ಕೌಂಟಿಯಲ್ಲಿದೆ. ಬಾಸ್ಕಿಂಗ್ ರಿಜ್ ಇಸ್ಲಾಮಿಕ್ ಸೊಸೈಟಿ ಎಂಬ ಸಂಸ್ಥೆ ಬರ್ನಾರ್ಡ್ಸ್‌ನಲ್ಲಿ ನಾಲ್ಕು ಎಕರೆ ಜಾಗ ಕೊಂಡು, ಸುಮಾರು 4,250 ಚದರಡಿಯ ಮಸೀದಿಗೆ ಅನುಮತಿ ಕೇಳಿತು. ನಮ್ಮ ಕಡೆಯ ಸಾಧಾರಣ ಕಲ್ಯಾಣಮಂಟಪದ ಊಟದ ಹಾಲ್‌ ಕೂಡ ಇದಕ್ಕಿಂತ ದೊಡ್ಡದಿರುತ್ತದೆ. ಆ ವಸತಿ ವಲಯದಲ್ಲಿ ಪ್ರಾರ್ಥನಾ ಮಂದಿರ ಕಟ್ಟಲು ಅಂದಿನ ನಿಯಮ ಅವಕಾಶ ಕೊಟ್ಟಿತ್ತು. ಅರ್ಜಿ ಹಾಕಿದ ಸಂಸ್ಥೆಯ ಮುಂದಾಳು ಮೊಹಮ್ಮದ್ ಅಲಿ ಚೌಧರಿ ಪರಸ್ಥಳದವರೂ ಅಲ್ಲ. 2004ರಲ್ಲಿ ಅದೇ ಟೌನ್‌ಶಿಪ್‌ನ ಮೇಯರ್ ಆಗಿದ್ದವರು.

ಕಥೆಯ ಗಂಟು ಬಿದ್ದದ್ದು ವಾಹನ ನಿಲುಗಡೆಯಲ್ಲಿ. ಚರ್ಚು, ಸಭಾಂಗಣ, ಚಿತ್ರಮಂದಿರಗಳಿಗೆ ಮೂರು ಆಸನಕ್ಕೆ ಒಂದು ಕಾರಿನ ಜಾಗ ಬೇಕೆಂಬುದು ಟೌನ್‌ಶಿಪ್‌ನ ನಿಯಮ. ಮಸೀದಿಗೆ ಬರುವವರು 150 ಮಂದಿ ಎಂದರೆ 50 ಕಾರಿಗೆ ಜಾಗ. ಸೊಸೈಟಿ ಅಷ್ಟನ್ನೇ ನಕ್ಷೆಯಲ್ಲಿ ತೋರಿಸಿತ್ತು. ಹಿಂದೆ ಚರ್ಚುಗಳ, ಯಹೂದಿ ಸಿನಗಾಗ್‌ಗಳ ಅರ್ಜಿ ಬಂದಾಗ ಟೌನ್‌ಶಿಪ್‌ನ ಯೋಜನಾ ಮಂಡಳಿ ಹಿಡಿದ ಲೆಕ್ಕವೂ ಇದೇ. ಈ ಸಲ ಮಾತ್ರ ಆಕ್ಷೇಪಣೆ ಎದ್ದಿತು: ಮೂರಕ್ಕೊಂದರ ನಿಯಮ ಚರ್ಚಿಗೆ ಬರೆದದ್ದು, ಮಸೀದಿಗೆ ಅದು ಹೊಂದುವುದಿಲ್ಲ. ಶುಕ್ರವಾರ ಮಧ್ಯಾಹ್ನದ ನಮಾಜಿಗೆ ಜನ ಕಚೇರಿಗಳಿಂದ ಒಬ್ಬೊಬ್ಬರೇ ಕಾರಿನಲ್ಲಿ ಬರುತ್ತಾರೆ, ಭಾನುವಾರ ಚರ್ಚಿಗೆ ಬರುವವರಂತೆ ಮನೆಮಂದಿಯೆಲ್ಲ ಒಂದೇ ಕಾರಿನಲ್ಲಿ ಬರುವುದಿಲ್ಲ ಎಂಬ ವಾದ. ಮಂಡಳಿ ಅದನ್ನು ಒಪ್ಪಿ 107 ಕಾರಿಗೆ ಜಾಗ ಬೇಕೆಂದಿತು.

ವಾದ ಕೇಳಲು ತಕ್ಕಮಟ್ಟಿಗೆ ಸರಿಯಾಗಿಯೇ ಇದೆ, ಅದೇ ಇದರ ಅಪಾಯ. ಶುಕ್ರವಾರ ಮಧ್ಯಾಹ್ನ ಕಾರು ಹೆಚ್ಚು ಬರಬಹುದು. ಹಾಗಾದರೆ ಕ್ರಿಸ್‌ಮಸ್ ರಾತ್ರಿ ಚರ್ಚಿಗೆ ಎಷ್ಟು ಕಾರು ಬರುತ್ತವೆ ಎಂಬ ಲೆಕ್ಕವನ್ನೂ ಮಂಡಳಿ ಕೇಳಬೇಕಿತ್ತು. ಅದನ್ನು ಯಾವ ಚರ್ಚಿಗೂ ಕೇಳಿರಲಿಲ್ಲ. ಇನ್ನು 57 ಕಾರಿನ ಜಾಗ ಸೇರಿಸುವುದೆಂದರೆ ಬರೀ ಡಾಂಬರು ಸುರಿಯುವ ಮಾತಲ್ಲ. ಜಾಗ ಹೆಚ್ಚಿದಷ್ಟೂ ಮರಗಿಡದ ಅಂಚು ಕಿರಿದಾಗುತ್ತದೆ, ಮಳೆನೀರು ಇಂಗುವ ನೆಲ ಕಡಿಮೆಯಾಗುತ್ತದೆ, ಚರಂಡಿಯ ಲೆಕ್ಕ ಬದಲಾಗುತ್ತದೆ. ನಕ್ಷೆ ತಿದ್ದಿದಂತೆಲ್ಲ ಹೊಸ ಆಕ್ಷೇಪಣೆ, ಅದಕ್ಕೆ ಇನ್ನೊಂದು ಸಭೆ. ಸಭೆಗಳು 39ಕ್ಕೆ ಏರಿದ್ದರ ಹಿಂದೆ ಈ ಯಂತ್ರವೂ ಕೆಲಸ ಮಾಡಿತ್ತು. ನಮ್ಮ ತಾಲ್ಲೂಕು ಕಚೇರಿಯ ಮೆಟ್ಟಿಲು ಹತ್ತಿ ಇಳಿದವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ‘ಆಗುವುದಿಲ್ಲ’ ಎಂದು ಯಾರೂ ಹೇಳುವುದಿಲ್ಲ. ಇನ್ನೊಂದು ದಾಖಲೆ ತನ್ನಿ ಎನ್ನುತ್ತಾರೆ.

2015ರ ಡಿಸೆಂಬರ್‌ನಲ್ಲಿ ಅರ್ಜಿ ತಿರಸ್ಕೃತವಾಯಿತು. ಮರುವರ್ಷ ಮಾರ್ಚ್‌ನಲ್ಲಿ ಸೊಸೈಟಿ ಫೆಡರಲ್ ನ್ಯಾಯಾಲಯಕ್ಕೆ ಹೋಯಿತು. ನವೆಂಬರ್‌ನಲ್ಲಿ ಅಮೆರಿಕದ ನ್ಯಾಯ ಇಲಾಖೆಯೇ ಟೌನ್‌ಶಿಪ್ ಮೇಲೆ ಬೇರೆ ದಾವೆ ಹೂಡಿತು. ವರ್ಷದ ಕೊನೆಯ ದಿನ, 2016ರ ಡಿಸೆಂಬರ್ 31ರಂದು, ನ್ಯಾಯಾಧೀಶ ಮೈಕೆಲ್ ಶಿಪ್ ಎರಡು ಮಾತು ಹೇಳಿದರು. ಮಸೀದಿಗೆ ಚರ್ಚಿಗಿಂತ ಬೇರೆ ಅಳತೆ ಹಿಡಿದದ್ದು ತಾರತಮ್ಯ. ಮತ್ತು ಯಾರಿಗೆ ಎಷ್ಟು ಬೇಕಾದರೂ ಕಾರಿನ ಜಾಗ ಕೇಳಬಹುದೆಂಬ ಲಂಗುಲಗಾಮಿಲ್ಲದ ಅಧಿಕಾರವನ್ನು ಮಂಡಳಿಗೆ ಕೊಡುವ ಆ ನಿಯಮ ಸಂವಿಧಾನದ ಮುಂದೆ ನಿಲ್ಲದಷ್ಟು ಅಸ್ಪಷ್ಟ. 2017ರ ಮೇ ತಿಂಗಳಲ್ಲಿ ರಾಜಿಯಾಯಿತು: ಸೊಸೈಟಿಗೆ ಪರಿಹಾರ 15 ಲಕ್ಷ ಡಾಲರ್, ವಕೀಲರ ವೆಚ್ಚ 17.5 ಲಕ್ಷ ಡಾಲರ್, ಕಟ್ಟಲು ಅನುಮತಿ, ಕಾರಿನ ಜಾಗ 50.

ಗಮನಿಸಬೇಕಾದ್ದು, ಸೊಸೈಟಿಗೆ ಮಾತಾಡಲು ಬಿಡಲಿಲ್ಲವೆಂದು ನ್ಯಾಯಾಲಯ ಹೇಳಲಿಲ್ಲ. ಬೇಕಾದಷ್ಟು ಬಿಟ್ಟಿದ್ದರು. ತಪ್ಪು ಇದ್ದದ್ದು ಅಳತೆಗೋಲಿನಲ್ಲಿ. ಅಳತೆಗೋಲನ್ನೇ ಬದಲಿಸಿಟ್ಟುಕೊಂಡು ನೂರು ಸಭೆ ಕರೆದರೂ ಅರ್ಜಿದಾರನ ಮಾತು ತಲುಪುವುದು ಗೋಡೆಗೆ.

ನ್ಯಾಯಾಲಯ ಹಿಡಿದ ಕಾನೂನು 2000ನೇ ಇಸವಿಯದ್ದು, ಭೂಬಳಕೆಯ ನಿಯಮಗಳ ಮೂಲಕ ಧರ್ಮದ ಆಚರಣೆಗೆ ಅಡ್ಡಿಯಾಗಬಾರದೆಂದು ತಂದದ್ದು. ರಿಪಬ್ಲಿಕನ್ ಪಕ್ಷದ ಆರಿನ್ ಹ್ಯಾಚ್, ಡೆಮಾಕ್ರಟಿಕ್ ಪಕ್ಷದ ಎಡ್ವರ್ಡ್ ಕೆನಡಿ ಕೂಡಿ ಮಂಡಿಸಿದರು. ಎರಡೂ ಸದನ ವಿರೋಧವಿಲ್ಲದೆ ಒಪ್ಪಿದವು. ಅಧ್ಯಕ್ಷ ಕ್ಲಿಂಟನ್ ಸಹಿ ಹಾಕಿದರು. ಹ್ಯಾಚ್ ಮತ್ತು ಕೆನಡಿ ಆಗ ಕೊಟ್ಟ ವಿವರಣೆ ನಮ್ಮ ಅಧಿಕಾರಿಗಳೂ ಓದಬೇಕಾದದ್ದು. ಸಂಚಾರ ದಟ್ಟಣೆ, ಊರಿನ ಅಂದಚೆಂದ, ನಗರಯೋಜನೆಗೆ ಹೊಂದುವುದಿಲ್ಲ ಎಂಬಂಥ ಯಾರಿಗೆ ಬೇಕಾದರೂ ಅಂಟಿಸಬಹುದಾದ ಕಾರಣಗಳ ಹಿಂದೆ ಎಷ್ಟೋ ಸಲ ತಾರತಮ್ಯ ಅಡಗಿರುತ್ತದೆ ಎಂಬುದು ಅದರ ಸಾರ. ಕಾನೂನಿನ ತಿರುಳೂ ಸರಳ. ಬೇರೆ ಸಭಾಸ್ಥಳಗಳಿಗೆ ಇರುವ ಷರತ್ತಿಗಿಂತ ಕಠಿಣ ಷರತ್ತನ್ನು ಪ್ರಾರ್ಥನಾ ಮಂದಿರಕ್ಕೆ ಹಾಕಬಾರದು, ಒಂದು ಧರ್ಮಕ್ಕೂ ಇನ್ನೊಂದಕ್ಕೂ ಭೇದ ಮಾಡಬಾರದು, ಊರಿಗೆ ಊರೇ ಬಾಗಿಲು ಹಾಕಿಕೊಳ್ಳಬಾರದು, ಬಲವಾದ ಸಾರ್ವಜನಿಕ ಕಾರಣವಿಲ್ಲದೆ ಭಾರೀ ಹೊರೆ ಹೇರಬಾರದು.

ಇಷ್ಟು ಹೇಳಿ ಆಕ್ಷೇಪಣೆದಾರರನ್ನೆಲ್ಲ ಖಳರ ಸಾಲಿಗೆ ನಿಲ್ಲಿಸಿದರೆ ಅದೂ ಅನ್ಯಾಯ. ಪಕ್ಕದ ಮನೆಯವನಿಗೆ ಚರಂಡಿಯ ಚಿಂತೆ ನಿಜವೇ ಇರುತ್ತದೆ. ಬರ್ನಾರ್ಡ್ಸ್‌ನ ರಾಜಿಯಲ್ಲೇ ಒಂದು ಎಡವಟ್ಟಾಯಿತು. ರಾಜಿಯ ಮೇಲೆ ನಡೆಯುವ ಸಭೆಯಲ್ಲಿ ಇಸ್ಲಾಂ ಅಥವಾ ಮುಸ್ಲಿಮರ ಬಗ್ಗೆ ಯಾರೂ ಮಾತಾಡಕೂಡದು ಎಂದು ಒಂದು ಷರತ್ತು ಸೇರಿಸಿದರು. ಊರಿನ ಇಬ್ಬರು ನಿವಾಸಿಗಳು ಇದು ವಾಕ್ ಸ್ವಾತಂತ್ರ್ಯಕ್ಕೆ ಧಕ್ಕೆ ಎಂದು ನ್ಯಾಯಾಲಯದ ಮೆಟ್ಟಿಲೇರಿದರು. ಅವರ ಮನಸ್ಸಿನಲ್ಲಿ ಏನಿತ್ತೋ ಬಿಡಿ, ಆ ಒಂದು ತಕರಾರು ನ್ಯಾಯವಾದದ್ದೇ ಎಂದು ನನಗನಿಸುತ್ತದೆ. ಸಭೆಯ ಅಧ್ಯಕ್ಷರು ‘ನೀವು ಹೇಳಿದ್ದು ನಿಲುಗಡೆಗೆ ಸಂಬಂಧಿಸಿದ್ದಲ್ಲ, ಮುಂದಿನವರು ಬನ್ನಿ’ ಎನ್ನಬಹುದು. ಬಾಯಿ ತೆರೆಯುವ ಮುಂಚೆಯೇ ಒಂದು ಧರ್ಮದ ಹೆಸರೆತ್ತಬಾರದೆಂದು ಕಾಗದ ಮಾಡಿಕೊಳ್ಳುವುದು ಬೇರೆ. ಹಾಗೆ ಮಾಡಿದರೆ ಸೋತವರಿಗೆ ತಾವು ಸೋತದ್ದಲ್ಲ, ತಮ್ಮ ಬಾಯಿ ಕಟ್ಟಿದ್ದು ಎಂಬ ಭಾವನೆ ಉಳಿಯುತ್ತದೆ. ಮುಂದಿನ ಜಗಳಕ್ಕೆ ಅಷ್ಟು ಸಾಕು.

ಆಕ್ಷೇಪಣೆದಾರರ ಕಡೆಯಿಂದ ನೋಡಬೇಕಾದ ಪ್ರಕರಣ ಟೆನೆಸ್ಸೀ ರಾಜ್ಯದ ಮರ್ಫ್ರೀಸ್‌ಬರೋದ್ದು. 2010ರ ಮೇ 24ರಂದು ಅಲ್ಲಿನ ರದರ್‌ಫೋರ್ಡ್ ಕೌಂಟಿಯ ಯೋಜನಾ ಆಯೋಗ ಒಂದು ಇಸ್ಲಾಮಿಕ್ ಕೇಂದ್ರದ ನಕ್ಷೆಗೆ ಒಪ್ಪಿಗೆ ಕೊಟ್ಟಿತು. ಸಭೆಯ ಪ್ರಕಟಣೆ ಸ್ಥಳೀಯ ಪತ್ರಿಕೆಯಲ್ಲಿ ಬಂದಿತ್ತು. ಅದರಲ್ಲಿ ಸಭೆಯ ದಿನ, ಹೊತ್ತು, ಜಾಗ ಇತ್ತು. ಮಸೀದಿಯ ಮಾತು ಇರಲಿಲ್ಲ. ಕೆಲವು ನಿವಾಸಿಗಳು ನಮಗೆ ತಿಳಿಸಲೇ ಇಲ್ಲವೆಂದು ದಾವೆ ಹೂಡಿದರು. ದಾವೆಯಲ್ಲಿ ಇಸ್ಲಾಂ ಒಂದು ಧರ್ಮವೇ ಅಲ್ಲ ಎಂಬ ವಾದವೂ ನುಸುಳಿತು, ಕೊನೆಗೆ ಫೆಡರಲ್ ಸರ್ಕಾರದ ವಕೀಲರು ‘ಹೌದು, ಅದು ಧರ್ಮ’ ಎಂದು ನ್ಯಾಯಾಲಯಕ್ಕೆ ಬರೆದುಕೊಡಬೇಕಾಯಿತು. ಆ ಹುಚ್ಚಾಟವನ್ನು ಬದಿಗಿಟ್ಟರೂ ನೋಟಿಸಿನ ಪ್ರಶ್ನೆ ಉಳಿಯುತ್ತದೆ.

2012ರ ಮೇ ತಿಂಗಳಲ್ಲಿ ಸ್ಥಳೀಯ ನ್ಯಾಯಾಧೀಶ ರಾಬರ್ಟ್ ಕಾರ್ಲ್ಯೂ, ವಿಷಯ ಸಾರ್ವಜನಿಕರಿಗೆ ಇಷ್ಟು ಮಹತ್ವದ್ದಾಗಿರುವಾಗ ಕೊಟ್ಟ ಪ್ರಕಟಣೆ ಸಾಲದು ಎಂದು ಒಪ್ಪಿಗೆಯನ್ನೇ ರದ್ದುಮಾಡಿದರು. ಅಷ್ಟೊತ್ತಿಗೆ ಕಟ್ಟಡ ಮುಗಿಯುತ್ತ ಬಂದಿತ್ತು. ಫೆಡರಲ್ ನ್ಯಾಯಾಧೀಶ ಟಾಡ್ ಕ್ಯಾಂಪ್‌ಬೆಲ್ ಜುಲೈನಲ್ಲಿ ಮಧ್ಯೆ ಬಂದು, ಪರಿಶೀಲನೆ ಮುಗಿಸಿ ಕಟ್ಟಡ ಬಳಕೆಯ ಪ್ರಮಾಣಪತ್ರ ಕೊಡಿ ಎಂದು ಕೌಂಟಿಗೆ ಆದೇಶಿಸಿದರು. ರಂಜಾನ್ ತಿಂಗಳಲ್ಲೇ, ಆಗಸ್ಟ್ 10ರಂದು, ಮಸೀದಿಯ ಬಾಗಿಲು ತೆರೆಯಿತು. 2013ರಲ್ಲಿ ಟೆನೆಸ್ಸೀಯ ಮೇಲ್ಮನವಿ ನ್ಯಾಯಾಲಯ ಕಾರ್ಲ್ಯೂ ತೀರ್ಪನ್ನು ಬದಿಗೆ ಸರಿಸಿತು; 2014ರಲ್ಲಿ ಅಮೆರಿಕದ ಸುಪ್ರೀಂ ಕೋರ್ಟ್ ಪ್ರಕರಣ ಕೈಗೆತ್ತಿಕೊಳ್ಳಲು ಒಪ್ಪಲಿಲ್ಲ.

ಕಾರ್ಲ್ಯೂ ಅವರ ಮಾತಿನಲ್ಲಿ ಅರ್ಧ ನಿಜವಿದೆ. ಮೂಲೆಯಲ್ಲೆಲ್ಲೋ ಸಣ್ಣ ಅಕ್ಷರದಲ್ಲಿ ಸಭೆಯ ದಿನಾಂಕ ಅಚ್ಚು ಹಾಕಿ, ಜನಕ್ಕೆ ತಿಳಿಸಿದ್ದೇವೆ ಎನ್ನುವುದು ಆಡಳಿತದ ಹಳೆಯ ಚಾಳಿ. ಆದರೆ ಅದೇ ಸಣ್ಣ ಪ್ರಕಟಣೆಯ ಮೇಲೆ ಆ ಕೌಂಟಿಯಲ್ಲಿ ಚರ್ಚುಗಳಿಗೆ ಒಪ್ಪಿಗೆ ಸಿಕ್ಕಿತ್ತು, ಆಗ ಯಾರೂ ಉಸಿರೆತ್ತಿರಲಿಲ್ಲ. ಪ್ರಕಟಣೆಯ ನಿಯಮ ಬಿಗಿಯಾಗಬೇಕಾದರೆ ನಾಳೆಯಿಂದ ಎಲ್ಲರಿಗೂ ಬಿಗಿಯಾಗಲಿ. ಹೆಚ್ಚು ಜನ ಸಿಟ್ಟಾಗಿದ್ದಾರೆಂಬ ಕಾರಣಕ್ಕೆ ಒಬ್ಬ ಅರ್ಜಿದಾರನಿಗೆ ಮಾತ್ರ ಮೆಟ್ಟಿಲು ಎತ್ತರಿಸಿದರೆ ಸಿಟ್ಟೇ ಕಾನೂನಾಗುತ್ತದೆ. ಬರ್ನಾರ್ಡ್ಸ್‌ನಲ್ಲಿ ಕಾರಿನ ಅಳತೆ ಬದಲಾದರೆ ಇಲ್ಲಿ ನೋಟಿಸಿನ ಅಳತೆ ಬದಲಾಯಿತು, ಅಷ್ಟೇ.

ನೆರೆಯವರ ದೂರು ನಿಜವಾಗಿದ್ದು, ಅದಕ್ಕೆ ನಿಜವಾದ ಉಪಾಯವೂ ಸಿಕ್ಕ ಉದಾಹರಣೆ ಇಂಗ್ಲೆಂಡಿನಲ್ಲಿದೆ, ಅದೂ ಕೃಷ್ಣನ ದೇವಸ್ಥಾನದ್ದು. ಬೀಟಲ್ಸ್‌ನ ಜಾರ್ಜ್ ಹ್ಯಾರಿಸನ್ 1973ರಲ್ಲಿ ಹಾರ್ಟ್‌ಫರ್ಡ್‌ಶೈರ್‌ನ ಒಂದು ದೊಡ್ಡ ಬಂಗಲೆಯನ್ನು ಇಸ್ಕಾನ್‌ಗೆ ಕೊಟ್ಟರು. ಭಕ್ತಿವೇದಾಂತ ಮ್ಯಾನರ್ ಎಂದು ಅದಕ್ಕೆ ಹೆಸರು. ಗೋಕುಲಾಷ್ಟಮಿಗೆ ಸಾವಿರಾರು ಜನ ಬರತೊಡಗಿದರು. ಅವರೆಲ್ಲ ಹಾದುಹೋಗಬೇಕಿದ್ದದ್ದು ಲೆಚ್ಮೋರ್ ಹೀತ್ ಎಂಬ ಪುಟ್ಟ ಹಳ್ಳಿಯ ಕಿರಿದಾದ ದಾರಿಯಲ್ಲಿ. ಹಳ್ಳಿಯವರು ರೋಸಿಹೋದರು. ಸ್ಥಳೀಯ ಕೌನ್ಸಿಲ್ ಸಾರ್ವಜನಿಕ ಪೂಜೆ ನಿಲ್ಲಿಸಿ ಎಂದು ನೋಟಿಸ್ ಕೊಟ್ಟಿತು. ವರ್ಷಗಟ್ಟಲೆ ಮೊಕದ್ದಮೆ ನಡೆಯಿತು, 1994ರಲ್ಲಿ ಲಂಡನ್ ಬೀದಿಗಳಲ್ಲಿ ಹಿಂದೂಗಳ ಬೃಹತ್ ಮೆರವಣಿಗೆ ನಡೆಯಿತು. 1996ರಲ್ಲಿ, ವಿಚಾರಣೆಯೊಂದರ ಬಳಿಕ, ಪರಿಸರ ಸಚಿವ ಜಾನ್ ಗಮ್ಮರ್ ಅನುಮತಿ ಕೊಟ್ಟರು. ಹಳ್ಳಿಯನ್ನು ಬಿಟ್ಟು ಮುಖ್ಯರಸ್ತೆಯಿಂದಲೇ ದೇವಸ್ಥಾನಕ್ಕೆ ಹೊಸ ದಾರಿ ಮಾಡಿಕೊಳ್ಳಬೇಕೆಂಬುದು ಷರತ್ತು. ದೂರು ದಾರಿಯದಾಗಿತ್ತು, ಪರಿಹಾರವೂ ದಾರಿಯದೇ ಆಯಿತು. ಅದಕ್ಕೆ ಇಷ್ಟು ವರ್ಷ ಏಕೆ ಬೇಕಾಯಿತು ಎಂಬುದಕ್ಕೆ ಮಾತ್ರ ನನ್ನಲ್ಲಿ ಒಳ್ಳೆಯ ಉತ್ತರವಿಲ್ಲ.

ಅಧಿಕಾರಿ ಕೈಯೆತ್ತುವ ಮುಂಚೆ ಎದುರಿನವನ ಮಾತು ಕೇಳಬೇಕೆಂಬ ತತ್ವಕ್ಕೆ ನಮ್ಮ ಕಾನೂನಿನವರು ಸಹಜ ನ್ಯಾಯ ಎನ್ನುತ್ತಾರೆ. ಅದರ ಹಳೆಯ ಪ್ರಕರಣಗಳಲ್ಲೊಂದು ಕಟ್ಟಡದ್ದೇ. ಲಂಡನ್ನಿನ ಕೂಪರ್ ಎಂಬಾತ ಮನೆ ಕಟ್ಟುತ್ತಿದ್ದ. ಬುನಾದಿ ಹಾಕುವ ಏಳು ದಿನ ಮೊದಲು ವಾಂಡ್ಸ್‌ವರ್ತ್ ಮಂಡಳಿಗೆ ತಿಳಿಸಬೇಕೆಂಬುದು ನಿಯಮ. ತಿಳಿಸಿಲ್ಲವೆಂದು ಮಂಡಳಿ ಆ ಮನೆಯನ್ನು ಕೆಡವಿತು. ತಿಳಿಸದಿದ್ದರೆ ಕೆಡವಬಹುದು ಎಂದೇ ಕಾನೂನಿನಲ್ಲಿ ಇತ್ತು, ಕೆಡವುವ ಮುಂಚೆ ಮಾಲೀಕನನ್ನು ಕೇಳಬೇಕೆಂದು ಇರಲಿಲ್ಲ. 1863ರಲ್ಲಿ ನ್ಯಾಯಾಲಯ, ಕಾನೂನು ಸುಮ್ಮನಿದ್ದ ಕಡೆ ನ್ಯಾಯ ಮಾತಾಡುತ್ತದೆ ಎಂಬ ಅರ್ಥದ ತೀರ್ಪು ಕೊಟ್ಟು ಕೂಪರನ ಪರ ನಿಂತಿತು. ಏದನ್ ತೋಟದಿಂದ ಆದಾಮನನ್ನು ಹೊರಗಟ್ಟುವ ಮುಂಚೆ ದೇವರೂ ಅವನ ಹೇಳಿಕೆ ಕೇಳಿದನೆಂಬ ಹಳೆಯ ನ್ಯಾಯಾಧೀಶರೊಬ್ಬರ ಮಾತು ಅಲ್ಲಿ ಉಲ್ಲೇಖವಾಯಿತು. ಏನು ಮಾಡಿದ್ದಾನೆಂಬುದು ದೇವರಿಗೆ ಗೊತ್ತಿತ್ತು, ಆದರೂ ಕೇಳಿದ. ನಮ್ಮ ತಹಶೀಲ್ದಾರರಿಗೆ ಅಷ್ಟು ಸರ್ವಜ್ಞತೆ ಇರಲಾರದು.

ಈ ತತ್ವಕ್ಕೆ ನಮ್ಮ ಸುಪ್ರೀಂ ಕೋರ್ಟ್ ಗಟ್ಟಿಯಾದ ಕೈಕಾಲು ಕೊಟ್ಟಿದೆ. 1959ರ ಗುಲ್ಲಪಲ್ಲಿ ನಾಗೇಶ್ವರ ರಾವ್ ಪ್ರಕರಣ ಆಂಧ್ರದ ಬಸ್ ಮಾರ್ಗಗಳದ್ದು: ಆಕ್ಷೇಪಣೆ ಕೇಳಿದವರು ಕಾರ್ಯದರ್ಶಿ, ಆದೇಶ ಕೊಟ್ಟವರು ಮಂತ್ರಿ. ಕೇಳಿದವರೇ ತೀರ್ಮಾನಿಸಬೇಕು, ಇಲ್ಲದಿದ್ದರೆ ಕೇಳುವುದು ಬರೀ ಶಾಸ್ತ್ರ ಎಂದು ನ್ಯಾಯಾಲಯ ಅದನ್ನು ತಳ್ಳಿಹಾಕಿತು. 1978ರ ಮೊಹಿಂದರ್ ಸಿಂಗ್ ಗಿಲ್ ಪ್ರಕರಣದಲ್ಲಿ ನ್ಯಾಯಮೂರ್ತಿ ಕೃಷ್ಣ ಅಯ್ಯರ್ ಇನ್ನೊಂದು ಮೊಳೆ ಹೊಡೆದರು. ಆದೇಶ ನಿಲ್ಲಬೇಕಾದ್ದು ಅದರಲ್ಲೇ ಬರೆದ ಕಾರಣದ ಮೇಲೆ. ಆಮೇಲೆ ನ್ಯಾಯಾಲಯಕ್ಕೆ ಪ್ರಮಾಣಪತ್ರ ಹಾಕಿ ಹೊಸ ಕಾರಣ ತುರುಕುವಂತಿಲ್ಲ.

ಕರ್ನಾಟಕದಲ್ಲಿ ರೋಗದ ಲಕ್ಷಣವೇ ಬೇರೆ. ಬರ್ನಾರ್ಡ್ಸ್‌ನಲ್ಲಿ 39 ಸಭೆಯಾದರೆ ನಮ್ಮಲ್ಲಿ ಎಷ್ಟೋ ಕಡೆ ಒಂದೂ ಇಲ್ಲ. ರಾತ್ರೋರಾತ್ರಿ ರಸ್ತೆಯಂಚಿಗೆ ಒಂದು ಕಲ್ಲು ಬರುತ್ತದೆ, ಅದಕ್ಕೊಂದು ಕಟ್ಟೆ, ಆಮೇಲೆ ಶೀಟು, ಆಮೇಲೆ ಗೋಪುರ. ಶಿಲುಬೆಯೂ ಹಾಗೆಯೇ, ದರ್ಗಾದ ಹಸಿರು ಚಾದರವೂ ಹಾಗೆಯೇ. ಅರ್ಜಿ ಇಲ್ಲ, ನಕ್ಷೆ ಇಲ್ಲ, ಆಕ್ಷೇಪಣೆಗೆ ಆಹ್ವಾನವೂ ಇಲ್ಲ. ಮನಸ್ಸಿನಲ್ಲಿ ತಕರಾರಿದ್ದವನೂ ದೇವರ ವಿಷಯ ನಮಗೇಕೆ ಎಂದು ಸುಮ್ಮನಾಗುತ್ತಾನೆ. ನ್ಯಾಯವಾಗಿ ಸ್ವಂತ ನಿವೇಶನದಲ್ಲಿ, ಭೂ ಪರಿವರ್ತನೆ ಮಾಡಿಸಿ, ನಕ್ಷೆ ಹಿಡಿದು ಪಂಚಾಯಿತಿಗೋ ನಗರಸಭೆಗೋ ಹೋದವನೇ ಸಿಕ್ಕಿಬೀಳುವುದು. ಅವನಿಗೆ ಪೊಲೀಸ್ ವರದಿ ಬೇಕು, ಅಕ್ಕಪಕ್ಕದವರ ಒಪ್ಪಿಗೆ ಬೇಕು, ಕೊನೆಗೆ ಸಿಗುವುದು ಎರಡು ಸಾಲಿನ ಹಿಂಬರಹ: ‘ಕಾನೂನು ಸುವ್ಯವಸ್ಥೆಯ ದೃಷ್ಟಿಯಿಂದ ಪರಿಗಣಿಸಲು ಅವಕಾಶವಿರುವುದಿಲ್ಲ.’ ಯಾವ ಸುವ್ಯವಸ್ಥೆ, ಯಾರು ಕೆಡಿಸುತ್ತಾರೆ, ಯಾವ ವರದಿ ಹಾಗೆಂದಿತು, ಒಂದೂ ಅದರಲ್ಲಿರುವುದಿಲ್ಲ. ಗದ್ದಲ ಮಾಡುತ್ತೇವೆಂದು ಬೆದರಿಸುವವನಿಗೆ ಇದರಿಂದ ವೀಟೊ ಸಿಕ್ಕಂತಾಗುತ್ತದೆ.

ಅನಧಿಕೃತ ಕಟ್ಟಡಗಳ ಕಥೆ 2009ರ ಸೆಪ್ಟೆಂಬರ್ 29ಕ್ಕೆ ಒಂದು ತಿರುವು ಪಡೆಯಿತು. ರಸ್ತೆ, ಉದ್ಯಾನ ಮುಂತಾದ ಸಾರ್ವಜನಿಕ ಜಾಗಗಳಲ್ಲಿ ಇನ್ನು ಮುಂದೆ ಯಾವ ಧರ್ಮದ ಅನಧಿಕೃತ ಕಟ್ಟಡಕ್ಕೂ ಅವಕಾಶ ಕೊಡಬಾರದು, ಈಗಾಗಲೇ ಇರುವವುಗಳನ್ನು ಒಂದೊಂದಾಗಿ ಪರಿಶೀಲಿಸಿ ತೀರ್ಮಾನಿಸಬೇಕು ಎಂದು ಸುಪ್ರೀಂ ಕೋರ್ಟ್ ಹೇಳಿತು. ಒಂದೊಂದಾಗಿ ಎಂದರೆ ಈ ಗುಡಿಯ ವಯಸ್ಸೆಷ್ಟು, ರಸ್ತೆಗೆ ಅಡ್ಡಿಯೆಷ್ಟು, ಬೇರೆಡೆಗೆ ಸ್ಥಳಾಂತರಿಸಬಹುದೇ, ಸಕ್ರಮ ಮಾಡಬಹುದೇ ಎಂದು ಪ್ರತಿಯೊಂದಕ್ಕೂ ಬೇರೆ ಬೇರೆಯಾಗಿ ನೋಡಬೇಕು. ಊರಿನವರನ್ನು ಕೂರಿಸಿ ಕೇಳದೆ ಈ ಪ್ರಶ್ನೆಗಳಿಗೆ ಉತ್ತರ ಸಿಗುವುದಿಲ್ಲ. ನಮ್ಮಲ್ಲಿ ಆದದ್ದು ಪಟ್ಟಿ. ಜಿಲ್ಲೆಗಿಷ್ಟು, ತಾಲ್ಲೂಕಿಗಿಷ್ಟು.

2021ರ ಸೆಪ್ಟೆಂಬರ್‌ನಲ್ಲಿ ನಂಜನಗೂಡು ತಾಲ್ಲೂಕಿನ ಹುಚ್ಚಗಣಿಯ ಮಹದೇವಮ್ಮ ದೇವಾಲಯದ ಮೇಲೆ ಜೆಸಿಬಿ ಹತ್ತಿತು. ಆ ದೃಶ್ಯ ಮೊಬೈಲುಗಳಲ್ಲಿ ಓಡಾಡಿ, ಆಡಳಿತ ಪಕ್ಷದವರೂ ವಿರೋಧ ಪಕ್ಷದವರೂ ಒಂದೇ ದನಿಯಲ್ಲಿ ಖಂಡಿಸಿದರು. ಎರಡು ವಾರ ಕಳೆಯುವಷ್ಟರಲ್ಲಿ ಕರ್ನಾಟಕ ಧಾರ್ಮಿಕ ಕಟ್ಟಡಗಳ ಸಂರಕ್ಷಣಾ ಮಸೂದೆ ವಿಧಾನಸಭೆಯಲ್ಲಿ ಪಾಸಾಯಿತು. ಕಾಯ್ದೆ ಜಾರಿಗೆ ಬರುವ ದಿನ ಸಾರ್ವಜನಿಕ ಜಾಗದಲ್ಲಿ ಇದ್ದ ಧಾರ್ಮಿಕ ಕಟ್ಟಡಗಳಿಗೆ ಒಟ್ಟಾಗಿ ರಕ್ಷಣೆ. ಹುಚ್ಚಗಣಿಯವರಿಗೆ ಸಮಾಧಾನವಾಯಿತೋ ಏನೋ. ಆದರೆ ನನ್ನ ಕಣ್ಣಿಗೆ ಇದು ಅದೇ ತಪ್ಪಿನ ಇನ್ನೊಂದು ಮುಖ. ಮೊದಲು ಯಾರನ್ನೂ ಕೇಳದೆ ಕೆಡವಿದರು, ಆಮೇಲೆ ಯಾರನ್ನೂ ಕೇಳದೆ ಉಳಿಸಿದರು. ಆಂಬುಲೆನ್ಸ್ ತಿರುಗದಂತೆ ನಡುರಸ್ತೆಯಲ್ಲಿರುವ ಗುಡಿಗೂ, ರಸ್ತೆ ಅಗಲವಾಗುತ್ತ ತಾನೇ ಹತ್ತಿರ ಬಂದ ಹಳೆಯ ಗುಡಿಗೂ ಒಂದೇ ರಕ್ಷಣೆ. ಒಂದೊಂದಾಗಿ ಪರಿಶೀಲಿಸಿ ಎಂದ ಆದೇಶಕ್ಕೆ ನಾವು ಕೊಟ್ಟ ಉತ್ತರ ಎರಡೂ ಸಲ ಸಾರಾಸಗಟಾಗಿಯೇ ಇತ್ತು.

ಪಕ್ಕದ ಕೇರಳದಲ್ಲಿ ಪ್ರಶ್ನೆ ಇನ್ನೊಂದು ರೂಪದಲ್ಲಿ ಬಂತು. ಮಲಪ್ಪುರಂ ಜಿಲ್ಲೆಯ ಒಂದು ಸಂಸ್ಥೆ ತನ್ನ ವಾಣಿಜ್ಯ ಕಟ್ಟಡವನ್ನು ಮುಸ್ಲಿಂ ಪ್ರಾರ್ಥನಾ ಸ್ಥಳವಾಗಿ ಬದಲಿಸಲು ಕೇಳಿತ್ತು. 2022ರ ಆಗಸ್ಟ್‌ನಲ್ಲಿ ಕೇರಳ ಹೈಕೋರ್ಟ್ ಅರ್ಜಿ ತಳ್ಳಿಹಾಕಿತು. ಸುತ್ತ ಐದು ಕಿಲೋಮೀಟರ್ ವ್ಯಾಪ್ತಿಯಲ್ಲಿ ಆಗಲೇ 36 ಮಸೀದಿಗಳಿವೆ, ರಾಜ್ಯದಲ್ಲಿ ಎಲ್ಲ ಧರ್ಮದ ಮಂದಿರಗಳೂ ಸಾಕಷ್ಟಿವೆ, ಇಂಥ ಬದಲಾವಣೆಗೆ ಅಪರೂಪದಲ್ಲಿ ಅಪರೂಪಕ್ಕೆ ಮಾತ್ರ ಒಪ್ಪಬೇಕು ಎಂಬ ನಿಲುವು. ಮಾತು ಎಲ್ಲ ಧರ್ಮಕ್ಕೂ ಅನ್ವಯವಾಗುವುದರಿಂದ ತಾರತಮ್ಯದ ದೂರು ನಿಲ್ಲುವುದಿಲ್ಲ. ಆದರೂ ‘ಸಾಕು’ ಎಂಬ ಅಳತೆ ನನಗೆ ಒಗ್ಗುವುದಿಲ್ಲ. ಮೊದಲು ಬಂದು ನೆಲೆಯೂರಿದವರ ದೇವರಿಗೆ ಜಾಗ ಆಗಲೇ ಸಿಕ್ಕಿರುತ್ತದೆ. ನಂತರ ಬಂದವರಿಗೆ, ಒಳಪಂಗಡದವರಿಗೆ, ಹಳೆಯ ಗುಡಿಯೊಳಗೆ ಬಿಟ್ಟುಕೊಳ್ಳದ ಕಾರಣ ತಮ್ಮದೇ ಒಂದನ್ನು ಕಟ್ಟಿಕೊಳ್ಳಹೊರಟವರಿಗೆ ‘ಸಾಕಷ್ಟಿವೆ’ ಎಂದರೆ ಎಲ್ಲಿಗೆ ಹೋಗಬೇಕು? ಶಬ್ದ, ನಿಲುಗಡೆ, ಬೆಂಕಿಯ ಸುರಕ್ಷತೆ, ಇವನ್ನು ಅಳೆಯಬಹುದು, ವಾದಿಸಬಹುದು, ಷರತ್ತು ಹಾಕಿ ಸರಿಪಡಿಸಬಹುದು. ಭಕ್ತಿಗೆ ಎಷ್ಟು ಕಟ್ಟಡ ಸಾಕೆಂದು ಅಳೆಯಲು ಯಾವ ಕಚೇರಿಯಲ್ಲೂ ಪಟ್ಟಿ ಇಲ್ಲ.

ಕೆಡವುವ ವಿಷಯದಲ್ಲಿ ಈಗ ನಿಯಮ ಕಾಗದದ ಮೇಲಾದರೂ ಸ್ಪಷ್ಟವಾಗಿದೆ. 2024ರ ನವೆಂಬರ್ 13ರಂದು ನ್ಯಾಯಮೂರ್ತಿಗಳಾದ ಬಿ.ಆರ್. ಗವಾಯಿ ಮತ್ತು ಕೆ.ವಿ. ವಿಶ್ವನಾಥನ್ ಅವರಿದ್ದ ಸುಪ್ರೀಂ ಕೋರ್ಟ್ ಪೀಠ ಬುಲ್ಡೋಜರ್ ಪ್ರಕರಣದಲ್ಲಿ ದಾರಿ ಹಾಕಿಕೊಟ್ಟಿತು. ನೋಂದಾಯಿತ ಅಂಚೆಯಲ್ಲಿ ನೋಟಿಸ್ ಕಳಿಸಿ, ಕಟ್ಟಡಕ್ಕೂ ಅಂಟಿಸಿ, 15 ದಿನ ಕೊಡಬೇಕು. ಖುದ್ದು ಹಾಜರಾಗಿ ಹೇಳಲು ಅವಕಾಶ ಕೊಟ್ಟು, ಅಲ್ಲಿ ನಡೆದದ್ದನ್ನು ದಾಖಲಿಸಬೇಕು. ಕೆಡವುವುದೊಂದೇ ದಾರಿ ಏಕೆ ಎಂಬುದಕ್ಕೆ ಆದೇಶದಲ್ಲಿ ಕಾರಣ ಬರೆಯಬೇಕು. ಆದೇಶದ ಮೇಲೆ ಮತ್ತೆ 15 ದಿನ. ಮೀರಿದ ಅಧಿಕಾರಿ ಕೈಯಿಂದ ತೆರಬೇಕಾಗುತ್ತದೆ. ಆದರೆ ರಸ್ತೆ, ಕಾಲುದಾರಿ, ರೈಲು ಹಳಿಯ ಬದಿ, ನದಿ ಕೆರೆಗಳ ಮೇಲಿನ ಅನಧಿಕೃತ ಕಟ್ಟಡಗಳಿಗೆ ಈ ರಕ್ಷಣೆ ಇಲ್ಲ. ನಮ್ಮ ಗುಡಿ ಗೋಪುರದ ಜಗಳಗಳಲ್ಲಿ ಎಷ್ಟೋ ಆ ಹೊರಗುಳಿದ ಸಾಲಿಗೇ ಸೇರುತ್ತವೆ.

ಹಾಗಾಗಿ ಮುಂದಿನ ಅರ್ಜಿ ನಿಮ್ಮ ಬೀದಿಗೆ ಬಂದಾಗ, ನೀವು ಯಾವ ಕಡೆ ಇದ್ದರೂ, ಒಂದಷ್ಟು ಹಟ ಬೇಕು. ಆಕ್ಷೇಪಣೆ ಹಾಕುವುದಾದರೆ ಸರ್ವೆ ನಂಬರು, ಚರಂಡಿಯ ಅಗಲ, ಧ್ವನಿವರ್ಧಕದ ಹೊತ್ತು ಬರೆದು ಹಾಕಿ. ದೇವರ ಹೆಸರು ಅದರಲ್ಲಿ ಬೇಕಿಲ್ಲ. ಅರ್ಜಿದಾರರಾದರೆ ಪೊಲೀಸ್ ವರದಿಯ ಪ್ರತಿ ಕೇಳಿ, ಅದಕ್ಕೆ ಉತ್ತರ ಕೊಡಲು ದಿನ ಕೇಳಿ, ನಿಮ್ಮ ಮಾತು ಕೇಳಿದ ಅಧಿಕಾರಿಯೇ ಸಹಿ ಹಾಕುತ್ತಾರೆಯೇ ಎಂದು ವಿಚಾರಿಸಿ. ಇದೇ ಊರಿನಲ್ಲಿ ಬೇರೆ ಧರ್ಮದ ಕಟ್ಟಡಕ್ಕೆ ಒಪ್ಪಿಗೆ ಕೊಟ್ಟಾಗ ಹಾಕಿದ ಷರತ್ತುಗಳ ಪ್ರತಿಯನ್ನೂ ಕೇಳಿ ಪಡೆಯಿರಿ, ಅಳತೆ ಬದಲಾಗಿದ್ದರೆ ಅಲ್ಲೇ ಕಾಣುತ್ತದೆ. ಕಾರಣವಿಲ್ಲದ ಹಿಂಬರಹ ಕೈಗೆ ಬಂದರೆ ಸುಮ್ಮನೆ ಮಡಚಿ ಜೇಬಿಗಿಡಬೇಡಿ. 2005ರ ಮಾಹಿತಿ ಹಕ್ಕು ಕಾಯ್ದೆಯ 4(1)(ಡಿ) ಕಲಮಿನ ಪ್ರಕಾರ, ಆಡಳಿತಾತ್ಮಕ ತೀರ್ಮಾನದ ಕಾರಣವನ್ನು ಬಾಧಿತರಾದವರಿಗೆ ತಿಳಿಸುವುದು ಕಚೇರಿಯ ಕರ್ತವ್ಯ. ಆ ಕಲಮನ್ನೇ ಉಲ್ಲೇಖಿಸಿ, ಬರವಣಿಗೆಯಲ್ಲಿ ಕೇಳಿ.